ಸೋತ ಮುಷ್ಕರ, ಉಳಿದ ನೆನಪು

1907ರ ಜುಲೈ ತಿಂಗಳು. ಬ್ರಿಟನ್ನಿನ ದೊರೆ ಏಳನೇ ಎಡ್ವರ್ಡ್ ಡಬ್ಲಿನ್ ನಗರಕ್ಕೆ ಬರುತ್ತಿದ್ದಾರೆ. ಬೀದಿಗಳಲ್ಲಿ ತೋರಣ, ಬಾವುಟ. ವಠಾರವೊಂದರ ನೆಲಮಾಳಿಗೆಯಲ್ಲಿ ನಾಯಿಯೊಂದರ ಜೊತೆ ಬದುಕುವ ಮುದಿ ಭಿಕ್ಷುಕನೊಬ್ಬ ನೆರೆಮನೆಯಾಕೆಯಿಂದ ನಾಲ್ಕು ಕಾಸು ಸಾಲ ಪಡೆದು ಬಣ್ಣದ ರಿಬ್ಬನ್ ಕೊಳ್ಳುತ್ತಾನೆ. ಅದನ್ನು ಕತ್ತರಿಸಿ ಬ್ಯಾಡ್ಜ್ ಮಾಡಿ, ಮೆರವಣಿಗೆ ನೋಡಲು ಬಂದವರಿಗೆ ಮಾರುವುದು ಅವನ ಯೋಜನೆ. ದೊರೆಯ ಮೇಲೆ ಅವನಿಗೆ ಭಕ್ತಿಯೇನೂ ಇಲ್ಲ. ಆ ದಿನದ ಊಟ ಆಗಬೇಕು, ಅಷ್ಟೆ.

ರ‍್ಯಾಷರ್ಸ್ ಟಿಯರ್ನಿ ಎಂಬ ಈ ಭಿಕ್ಷುಕ ಚರಿತ್ರೆಯಲ್ಲಿ ಇದ್ದವನಲ್ಲ. ಐರಿಷ್ ಲೇಖಕ ಜೇಮ್ಸ್ ಪ್ಲಂಕೆಟ್ 1969ರಲ್ಲಿ ಪ್ರಕಟಿಸಿದ 'ಸ್ಟ್ರಂಪೆಟ್ ಸಿಟಿ' ಎಂಬ ಕಾದಂಬರಿಯಲ್ಲಿ ಹುಟ್ಟಿದವನು. 1980ರಲ್ಲಿ ಐರ್ಲೆಂಡಿನ ಸರಕಾರಿ ದೂರದರ್ಶನ ಸಂಸ್ಥೆ ಆರ್‌ಟಿಇ ಈ ಕಾದಂಬರಿಯನ್ನು ಏಳು ಕಂತುಗಳ ಧಾರಾವಾಹಿ ಮಾಡಿ ಪ್ರಸಾರ ಮಾಡಿತು. ನಾಟಕಕಾರ ಹ್ಯೂ ಲಿಯೊನಾರ್ಡ್ ಅದನ್ನು ಪರದೆಗೆ ಬರೆದರು, ಟೋನಿ ಬ್ಯಾರಿ ನಿರ್ದೇಶಿಸಿದರು. ಭಿಕ್ಷುಕನಾಗಿ ನಟಿಸಿದವರು ಡೇವಿಡ್ ಕೆಲ್ಲಿ. ಆ ಧಾರಾವಾಹಿಯ ವಸ್ತು ಡಬ್ಲಿನ್ ನಗರದ 1913ರ ಲಾಕೌಟ್, ಅಂದರೆ ಬೀಗಮುದ್ರೆ. ಐದಾರು ತಿಂಗಳು ನಡೆದು, ನಗರದ ಮೂರನೇ ಒಂದು ಭಾಗದಷ್ಟು ಜನರನ್ನು ಹಸಿವಿಗೆ ದೂಡಿ, ಕೊನೆಗೆ ಕಾರ್ಮಿಕರ ಸೋಲಿನಲ್ಲಿ ಮುಗಿದ ಹೋರಾಟ ಅದು. ಸೋತ ಮುಷ್ಕರವೊಂದು ಅರವತ್ತೇಳು ವರ್ಷಗಳ ನಂತರ ಒಂದು ದೇಶದ ಮನೆಮನೆಯ ಮಾತಾಯಿತು. ಅದು ಹೇಗಾಯಿತು, ಧಾರಾವಾಹಿ ಆ ಮುಷ್ಕರದ ಯಾವ ಮುಖವನ್ನು ತೋರಿಸಿತು, ಯಾವುದನ್ನು ಬಿಟ್ಟಿತು ಎಂಬುದನ್ನು ನಾವಿಲ್ಲಿ ನೋಡಹೊರಟಿದ್ದೇವೆ.

ಅದಕ್ಕೆ ಮೊದಲು ಆ ಊರಿನ ವಠಾರಗಳ ಬಗ್ಗೆ ಒಂದಿಷ್ಟು ಹೇಳಬೇಕು. ಹದಿನೆಂಟನೇ ಶತಮಾನದಲ್ಲಿ ಶ್ರೀಮಂತರು ಕಟ್ಟಿಸಿದ ನಾಲ್ಕಂತಸ್ತಿನ ದೊಡ್ಡ ಬಂಗಲೆಗಳು, ಶ್ರೀಮಂತರು ಲಂಡನ್ನಿಗೂ ಹೊರವಲಯಗಳಿಗೂ ಹೋದ ಮೇಲೆ ಕೋಣೆ ಲೆಕ್ಕದಲ್ಲಿ ಬಾಡಿಗೆಗೆ ಹೋದವು. ಹೆನ್ರಿಯೆಟ್ಟಾ ಬೀದಿಯ 14ನೇ ನಂಬರಿನ ಒಂದೇ ಮನೆಯಲ್ಲಿ 1911ರ ಜನಗಣತಿಯ ಹೊತ್ತಿಗೆ ನೂರು ಮಂದಿ ವಾಸಿಸುತ್ತಿದ್ದರು. (2018ರಿಂದ ಅದು ವಠಾರದ ಬದುಕನ್ನು ತೋರಿಸುವ ಮ್ಯೂಸಿಯಂ.) ಮುಷ್ಕರದ ಸಮಯದಲ್ಲೇ ನಡೆದ ಸರಕಾರಿ ವಸತಿ ವಿಚಾರಣೆಯ ಲೆಕ್ಕದ ಪ್ರಕಾರ ನಗರದಲ್ಲಿ 25,822 ಕುಟುಂಬಗಳು ವಠಾರಗಳಲ್ಲಿದ್ದವು. ಅವುಗಳಲ್ಲಿ 20,108 ಕುಟುಂಬಗಳಿಗೆ ಇದ್ದದ್ದು ಒಂದೊಂದೇ ಕೋಣೆ. ಅಡುಗೆ, ನಿದ್ದೆ, ಹೆರಿಗೆ, ಸಾವು ಎಲ್ಲವೂ ಅಲ್ಲೇ. ನೀರಿಗೆ ಹಿತ್ತಲಿನಲ್ಲಿ ಒಂದು ನಲ್ಲಿ. ಈ ವಠಾರಗಳ ಮಾಲೀಕರಲ್ಲಿ ನಗರಸಭೆಯ ಸದಸ್ಯರೂ ಇದ್ದರು ಎಂಬುದು ಅದೇ ವಿಚಾರಣೆಯಲ್ಲಿ ಬಯಲಾಯಿತು. ಗಂಡಸೊಬ್ಬ ಬಂದರಿನಲ್ಲೋ ಗಾಡಿಯ ಮೇಲೋ ವಾರವಿಡೀ ದುಡಿದರೆ ಸಿಗುತ್ತಿದ್ದುದು ಹದಿನೆಂಟು ಶಿಲಿಂಗ್‌ನಷ್ಟು. ಅದೂ ಕೆಲಸ ಸಿಕ್ಕ ವಾರ.

ಈ ಊರಿಗೆ ಜೇಮ್ಸ್ ಲಾರ್ಕಿನ್ ಬಂದರು. ಲಿವರ್‌ಪೂಲ್‌ನಲ್ಲಿ ಬಡ ಐರಿಷ್ ಕುಟುಂಬದಲ್ಲಿ ಹುಟ್ಟಿ, ಬಂದರಿನಲ್ಲಿ ಬೆಳೆದು, 1907ರಲ್ಲಿ ಬೆಲ್‌ಫಾಸ್ಟ್‌ನ ಬಂದರು ಮುಷ್ಕರದಲ್ಲಿ ಪ್ರಾಟೆಸ್ಟಂಟರನ್ನೂ ಕ್ಯಾಥೊಲಿಕರನ್ನೂ ಒಂದೇ ಸಾಲಿನಲ್ಲಿ ನಿಲ್ಲಿಸಿದ್ದ ಮನುಷ್ಯ. ಅವರು ಕಟ್ಟಿದ ಐರಿಷ್ ಸಾರಿಗೆ ಮತ್ತು ಸಾಮಾನ್ಯ ಕಾರ್ಮಿಕರ ಸಂಘ 1909ರ ಆರಂಭದಿಂದ ಕೆಲಸ ಶುರು ಮಾಡಿತು. ಅದುವರೆಗಿನ ಸಂಘಗಳು ಕಸುಬು ಬಲ್ಲ ಕುಶಲಕರ್ಮಿಗಳವು. ಲಾರ್ಕಿನ್ ಮೂಟೆ ಹೊರುವವರನ್ನು, ಗಾಡಿ ಹೊಡೆಯುವವರನ್ನು, ಬಿಸ್ಕತ್ ಕಾರ್ಖಾನೆಯ ಹುಡುಗಿಯರನ್ನು ಸೇರಿಸಿದರು. ಅವರ ಕೈಯಲ್ಲಿದ್ದ ಅಸ್ತ್ರ ಬೆಂಬಲ ಮುಷ್ಕರ. ಒಂದು ಕಂಪನಿಯಲ್ಲಿ ಮುಷ್ಕರ ನಡೆದರೆ ಆ ಕಂಪನಿಯ ಮಾಲನ್ನು ಬಂದರಿನವನು ಇಳಿಸುವುದಿಲ್ಲ, ಗಾಡಿಯವನು ಒಯ್ಯುವುದಿಲ್ಲ, ಅಂಗಡಿಯ ಆಳು ಮುಟ್ಟುವುದಿಲ್ಲ. ದಿನಗೂಲಿಯವನ ಜಾಗಕ್ಕೆ ಮರುದಿನವೇ ಇನ್ನೊಬ್ಬ ಸಿಗುವ ಊರಿನಲ್ಲಿ ಬಡವನಿಗೆ ಬೇರೆ ಬಲವೇ ಇರಲಿಲ್ಲ. ಮಾಲೀಕರ ಕಣ್ಣಿಗೆ ಅದು ವ್ಯಾಪಾರದ ಕುತ್ತಿಗೆ ಹಿಸುಕುವ ಕೆಲಸವಾಗಿ ಕಂಡದ್ದೂ ಸಹಜವೇ.

ಎದುರಿಗೆ ನಿಂತವರು ವಿಲಿಯಂ ಮಾರ್ಟಿನ್ ಮರ್ಫಿ. ಟ್ರಾಂ ಕಂಪನಿ, 'ಐರಿಷ್ ಇಂಡಿಪೆಂಡೆಂಟ್' ಪತ್ರಿಕೆ, ಇಂಪೀರಿಯಲ್ ಹೋಟೆಲ್ ಎಲ್ಲವೂ ಅವರ ಹಿಡಿತದಲ್ಲಿದ್ದವು. ಮರ್ಫಿ ಇಂಗ್ಲಿಷಿನವರಲ್ಲ. ಪ್ರಾಟೆಸ್ಟಂಟ್ ಜಮೀನ್ದಾರರೂ ಅಲ್ಲ. ಶ್ರದ್ಧಾವಂತ ಕ್ಯಾಥೊಲಿಕ್, ಐರಿಷ್ ರಾಷ್ಟ್ರೀಯವಾದಿ, ಒಂದು ಕಾಲದ ಸಂಸದ. ರ‍್ಯಾಷರ್ಸ್ ರಿಬ್ಬನ್ ಮಾರಲು ಹೊರಟ ಅದೇ 1907ರ ಭೇಟಿಯಲ್ಲಿ ದೊರೆ ಕೊಡಬಂದ 'ಸರ್' ಪದವಿಯನ್ನು ಬೇಡವೆಂದವರು! ಹಾಗಾಗಿ 1913ರ ಜಗಳವನ್ನು ಆಳುವ ಬ್ರಿಟಿಷರಿಗೂ ಆಳಿಸಿಕೊಳ್ಳುವ ಐರಿಷರಿಗೂ ನಡೆದ ಜಗಳವೆಂದು ಓದಲು ಬರುವುದಿಲ್ಲ. ಒಂದೇ ಧರ್ಮದ, ಒಂದೇ ಚರ್ಚಿಗೆ ಹೋಗುವ, ಒಂದೇ ದೇಶದ ಸ್ವಾತಂತ್ರ್ಯ ಬಯಸುವ ಜನ ಇಲ್ಲಿ ಎರಡು ಪಾಳೆಯವಾದರು. ಸ್ವತಂತ್ರ ಐರ್ಲೆಂಡಿನ ಅಧಿಕೃತ ಚರಿತ್ರೆ ದಶಕಗಳ ಕಾಲ 1916ರ ಸಶಸ್ತ್ರ ದಂಗೆಯನ್ನು ಕೊಂಡಾಡಿ, ಮೂರು ವರ್ಷ ಮೊದಲಿನ ಈ ಹಸಿವನ್ನು ಅದರ ಪೀಠಿಕೆಯಂತೆ ಎರಡು ಸಾಲಿನಲ್ಲಿ ಮುಗಿಸುತ್ತಿದ್ದುದಕ್ಕೆ ಇದೂ ಒಂದು ಕಾರಣವೆಂದು ನಮಗನಿಸುತ್ತದೆ.

ಮರ್ಫಿ ತಮ್ಮ ಕಂಪನಿಗಳಲ್ಲಿ ಲಾರ್ಕಿನ್ ಸಂಘ ಸೇರಿದವರನ್ನು ಕೆಲಸದಿಂದ ತೆಗೆಯತೊಡಗಿದರು. 1913ರ ಆಗಸ್ಟ್ 26ರ ಬೆಳಿಗ್ಗೆ, ಕುದುರೆ ಪ್ರದರ್ಶನಕ್ಕೆಂದು ಊರು ತುಂಬಿದ್ದ ವಾರದಲ್ಲಿ, ಸುಮಾರು 700 ಟ್ರಾಂ ನೌಕರರು ಸಂಘದ ಕೆಂಪು ಹಸ್ತದ ಬ್ಯಾಡ್ಜನ್ನು ಎದೆಗೆ ಸಿಕ್ಕಿಸಿಕೊಂಡು ಟ್ರಾಂಗಳನ್ನು ನಡುಬೀದಿಯಲ್ಲೇ ಬಿಟ್ಟು ಇಳಿದರು. ಆಗಸ್ಟ್ 31ರ ಭಾನುವಾರ ನಿಷೇಧಿತ ಸಭೆಯಲ್ಲಿ ಮಾತಾಡಿಯೇ ತೀರುತ್ತೇನೆಂದಿದ್ದ ಲಾರ್ಕಿನ್, ಗಡ್ಡ ಅಂಟಿಸಿಕೊಂಡು ಮುದುಕನ ವೇಷದಲ್ಲಿ ಮರ್ಫಿಯವರದೇ ಹೋಟೆಲನ್ನು ಹೊಕ್ಕು ಕಿಟಕಿಯಿಂದ ನಾಲ್ಕು ಮಾತಾಡಿ ಬಂಧನಕ್ಕೊಳಗಾದರು. ಕೆಳಗೆ ಬೀದಿಯಲ್ಲಿದ್ದವರ ಮೇಲೆ ಪೊಲೀಸರ ಲಾಠಿ ಬಿತ್ತು. ನೂರಾರು ಜನ ಗಾಯಗೊಂಡರು. ಆ ವಾರಾಂತ್ಯದ ಲಾಠಿ ಏಟುಗಳಿಂದ ಇಬ್ಬರು ಕಾರ್ಮಿಕರು ಸತ್ತರು. ಎರಡು ದಿನ ಕಳೆಯುವಷ್ಟರಲ್ಲಿ, ಸೆಪ್ಟೆಂಬರ್ 2ರ ರಾತ್ರಿ, ಚರ್ಚ್ ಸ್ಟ್ರೀಟಿನಲ್ಲಿ ಎರಡು ವಠಾರಗಳು ಕುಸಿದು ಏಳು ಜನ ಮಣ್ಣುಪಾಲಾದರು. ಅವರಲ್ಲೊಬ್ಬ, ಬಿಸ್ಕತ್ ಕಾರ್ಖಾನೆಯಿಂದ ಹೊರದಬ್ಬಲ್ಪಟ್ಟಿದ್ದ ಹದಿನೇಳರ ಹುಡುಗ. ತಂಗಿಯನ್ನು ಹೊರತರಲು ಮರಳಿ ಒಳಗೆ ಹೋದವನು ಹೊರಬರಲಿಲ್ಲ.

ಮರುದಿನ ಸುಮಾರು 400 ಮಾಲೀಕರು ಸೇರಿ ಒಂದು ಮುಚ್ಚಳಿಕೆ ಸಿದ್ಧಪಡಿಸಿದರು. ಲಾರ್ಕಿನ್ ಸಂಘಕ್ಕೆ ಸೇರುವುದಿಲ್ಲ, ಸೇರಿದ್ದರೆ ಬಿಟ್ಟೆ, ಅದಕ್ಕೆ ಯಾವ ಬೆಂಬಲವನ್ನೂ ಕೊಡುವುದಿಲ್ಲ ಎಂದು ಪ್ರತಿಯೊಬ್ಬ ಕೆಲಸಗಾರನೂ ಸಹಿ ಹಾಕಬೇಕು. ಹಾಕದವನಿಗೆ ಗೇಟು ಮುಚ್ಚಿತು. ಇಲ್ಲಿ ಒಂದು ಸಂಗತಿ ಗಮನಿಸಬೇಕು. ಆ ಸಂಘದ ಸದಸ್ಯರೇ ಅಲ್ಲದ, ಲಾರ್ಕಿನ್ ಮಾತಿನ ಆರ್ಭಟ ಹಿಡಿಸದ ಎಷ್ಟೋ ಜನ ಕೂಡ ಆ ಕಾಗದಕ್ಕೆ ಸಹಿ ಹಾಕಲು ಒಪ್ಪಲಿಲ್ಲ. ಕೂಲಿಯ ಪ್ರಶ್ನೆ ಆ ಹೊತ್ತಿಗೆ ಹಿಂದೆ ಸರಿದಿತ್ತು. ಮನುಷ್ಯನ ದುಡಿಮೆಯನ್ನು ಕೊಂಡವನು ಅವನ ಸಹವಾಸವನ್ನೂ ನಿರ್ಧರಿಸಬಹುದೇ ಎಂಬುದು ಮುಖ್ಯವಾಯಿತು. ಸುಮಾರು 20,000 ಕಾರ್ಮಿಕರು ಹೊರಗುಳಿದರು. ಮನೆಮಂದಿ ಸೇರಿದರೆ ಲಕ್ಷದ ಹತ್ತಿರ. ಸರಕಾರ ನೇಮಿಸಿದ ಆಸ್ಕ್ವಿತ್ ವಿಚಾರಣಾ ಸಮಿತಿಯೇ ಈ ಮುಚ್ಚಳಿಕೆ ವ್ಯಕ್ತಿಸ್ವಾತಂತ್ರ್ಯಕ್ಕೆ ವಿರುದ್ಧವೆಂದು ಹೇಳಿತು. ಬೆಂಬಲ ಮುಷ್ಕರವನ್ನೂ ಅದು ಮೆಚ್ಚಲಿಲ್ಲ. ಮಾಲೀಕರು ವರದಿಯನ್ನು ಪಕ್ಕಕ್ಕಿಟ್ಟರು.

ಧಾರಾವಾಹಿಯ ಶಕ್ತಿ ಕಾಣಿಸುವುದು ಈ ಘಟ್ಟದಲ್ಲಿ. ಲಾರ್ಕಿನ್ ಪಾತ್ರಕ್ಕೆ ಜಗತ್ಪ್ರಸಿದ್ಧ ನಟ ಪೀಟರ್ ಓಟೂಲ್ ಬಂದಿದ್ದರು. ಆದರೂ ಕಥೆ ಅವರ ಸುತ್ತ ತಿರುಗುವುದಿಲ್ಲ. ಅವರು ಆಗಾಗ ಬಂದು ಗುಡುಗಿ ಹೋಗುತ್ತಾರೆ. ಕ್ಯಾಮೆರಾ ಮರಳಿ ವಠಾರಕ್ಕೆ ಬರುತ್ತದೆ. ಅಲ್ಲಿ ಮಾರ್ಗನ್ ಫೌಂಡ್ರಿಯಲ್ಲಿ ಫೋರ್‌ಮನ್ ಹುದ್ದೆಗೇರಿ, ನೆಮ್ಮದಿಯ ಹೊಸ್ತಿಲಲ್ಲಿದ್ದರೂ ಜೊತೆಗಾರರಿಗಾಗಿ ಕೆಲಸ ಬಿಟ್ಟು ಬರುವ ಫಿಟ್ಜ್ ಇದ್ದಾನೆ. ಬ್ರಾಡ್‌ಶಾ ದಂಪತಿಗಳ ಮನೆಯಲ್ಲಿ ಆಳಾಗಿದ್ದು ಅವನನ್ನು ಮದುವೆಯಾದ ಮೇರಿ ಇದ್ದಾಳೆ. ಆ ಮನೆಯಲ್ಲೇ ಆಯುಷ್ಯ ಸವೆಸಿದ ಮುದಿ ಆಳು ಮಿಸ್ ಗಿಲ್‌ಕ್ರಿಸ್ಟ್ ಕಾಯಿಲೆ ಬಿದ್ದೊಡನೆ ಅನಾಥರ ದುಡಿಮೆಮನೆಗೆ ಸಾಗಹಾಕಲ್ಪಡುತ್ತಾಳೆ. ಯಜಮಾನ್ತಿಗೆ ಮನಸ್ಸು ಚುಚ್ಚುತ್ತದೆ, ಆದರೆ ಗಂಡನ ಮಾತು ಮೀರುವಷ್ಟು ಚುಚ್ಚುವುದಿಲ್ಲ. ಆ ಗಂಡನೇ ಶಿಥಿಲ ವಠಾರಗಳ ಮಾಲೀಕ. ಮಲ್‌ಹಾಲ್ ಎಂಬ ಗಾಡಿಯಾಳು ಇದ್ದಾನೆ. ಸಂಘಕ್ಕಾಗಿ ಜೈಲು ಕಂಡವನು ಅವಘಡದಲ್ಲಿ ಎರಡೂ ಕಾಲು ಕಳೆದುಕೊಂಡು ಹಾಸಿಗೆ ಹಿಡಿದು ಸಾಯುತ್ತಾನೆ. ಇವರೆಲ್ಲರ ಕೆಳಗೆ, ಅಕ್ಷರಶಃ ನೆಲದ ಕೆಳಗೆ, ರ‍್ಯಾಷರ್ಸ್.

ರ‍್ಯಾಷರ್ಸ್ ಕಾರ್ಮಿಕನಲ್ಲ. ಅವನಿಗೆ ಸಂಘವಿಲ್ಲ, ಸಂಘದ ಭತ್ಯೆಯಿಲ್ಲ. ಅವನು ಕಳೆದುಕೊಳ್ಳಲು ಯಾವ ಕೆಲಸವೂ ಇರಲಿಲ್ಲ. ಆದರೆ ವಠಾರದವರ ಕೈಯಲ್ಲಿ ಕಾಸು ಓಡಾಡುವಾಗ ಅವನಿಗೂ ಒಂದು ತುಣುಕು ಬ್ರೆಡ್ ಸಿಗುತ್ತಿತ್ತು. ಕೊಡುತ್ತಿದ್ದವರೇ ಹಸಿದಾಗ ಬೇಡುವವನ ಗತಿಯೇನು? ಕಾರ್ಮಿಕ ಚಳವಳಿಯ ಚರಿತ್ರೆಕಾರರು ಸಾಮಾನ್ಯವಾಗಿ ಕೇಳದ ಪ್ರಶ್ನೆ ಇದು. ಧಾರಾವಾಹಿ ಇದನ್ನು ಭಾಷಣವಾಗಿಸದೆ, ಒಂದೊಂದೇ ಕಂತಿನಲ್ಲಿ ಆ ಮುದುಕನ ತಟ್ಟೆಯನ್ನು ಖಾಲಿಯಾಗಿಸುತ್ತ ಕೇಳುತ್ತದೆ.

ಧರ್ಮದ ಕಡೆಯಿಂದಲೂ ಈ ಕಥೆಯನ್ನು ನೋಡಬೇಕು. ಅಲ್ಲಿ ಇಬ್ಬರು ಪಾದ್ರಿಗಳಿದ್ದಾರೆ. ಶ್ರೀಮಂತ ಬಡಾವಣೆಯ ಸೇವೆ ಬಿಟ್ಟು, ಬಡವರ ನಡುವೆ ಕೆಲಸ ಮಾಡಲು ತಾನಾಗಿಯೇ ಬಂದ ಯುವಕ ಫಾದರ್ ಓಕಾನರ್ ಒಬ್ಬರು. ಬಡವರ ನಡುವೆ ದಶಕಗಳನ್ನು ಕಳೆದು, ಏನೂ ಮಾಡಲಾಗದ ಸಂಕಟಕ್ಕೆ ಕುಡಿತ ಹಿಡಿದು, ಬುದ್ಧಿ ಕಲಕಿದ ಮುದುಕ ಫಾದರ್ ಗಿಫ್ಲಿ ಇನ್ನೊಬ್ಬರು. ಸಿರಿಲ್ ಕ್ಯುಸಾಕ್ ಗಿಫ್ಲಿಯಾಗಿ ನಟಿಸಿದ್ದನ್ನು ನೋಡಿದವರು ಮರೆಯಲಾರರು. ಓಕಾನರ್ ಕೆಟ್ಟವರಲ್ಲ. ಅದೇ ತೊಂದರೆ. ಅವರಿಗೆ ಬಡವರ ಮೇಲೆ ಕರುಣೆ ಇದೆ, ಆದರೆ ವಾಸನೆ ಹೊಡೆಯುವ ಬಡವನ ಹತ್ತಿರ ನಿಲ್ಲಲು ಆಗುವುದಿಲ್ಲ. ಹಸಿದವರಿಗೆ ಧಾನ್ಯ ಹಂಚಲು ಸಮಿತಿ ಮಾಡುತ್ತಾರೆ. ಆದರೆ ಮುಷ್ಕರ ಹೂಡಿದವರ ಮನೆಗೆ ಕೊಟ್ಟರೆ ಮುಷ್ಕರಕ್ಕೆ ಬಲ ಬರುತ್ತದಲ್ಲ ಎಂದು ಲೆಕ್ಕ ಹಾಕುತ್ತಾರೆ. ಹಸಿದ ಮಗುವಿಗೆ ಅನ್ನ ಕೊಡುವ ಮೊದಲು ಅದರ ತಂದೆ ಯಾವ ಕಡೆಯವನೆಂದು ವಿಚಾರಿಸುವ ದಾನ ಎಂಥ ದಾನ? ಯಾವ ಧರ್ಮದ ಓದುಗರಿಗೂ ಈ ಪ್ರಶ್ನೆ ಪರಕೀಯವಲ್ಲ. ದಾನ ಮಾಡುವ ಕೈಗೆ ಅಧಿಕಾರದ ರುಚಿ ಹತ್ತುವುದನ್ನು ನಮ್ಮ ಊರುಗಳಲ್ಲೂ ನಾವು ಕಂಡಿದ್ದೇವೆ.

ಇದು ಕಾದಂಬರಿಕಾರನ ಕಲ್ಪನೆಯಷ್ಟೇ ಅಲ್ಲ. ಬ್ರಿಟನ್ನಿನ ಕಾರ್ಮಿಕ ಸಂಘಗಳು ಕಳಿಸಿದ 'ಹೇರ್' ಎಂಬ ಹಡಗು ಸೆಪ್ಟೆಂಬರ್ 27ರಂದು ಆಹಾರದ ಪೊಟ್ಟಣಗಳೊಂದಿಗೆ ಡಬ್ಲಿನ್ ಬಂದರು ಸೇರಿತು. ಸಂಘದ ಕಚೇರಿ ಲಿಬರ್ಟಿ ಹಾಲ್ ಗಂಜಿ ಕೇಂದ್ರವಾಯಿತು. ಅಕ್ಟೋಬರ್‌ನಲ್ಲಿ ಡೋರಾ ಮಾಂಟೆಫಿಯೋರ್ ಎಂಬ ಸಮಾಜವಾದಿ ಮಹಿಳೆ, ಮುಷ್ಕರ ಮುಗಿಯುವವರೆಗೆ ಡಬ್ಲಿನ್ನಿನ ಮಕ್ಕಳನ್ನು ಇಂಗ್ಲೆಂಡಿನ ಕಾರ್ಮಿಕರ ಮನೆಗಳಲ್ಲಿ ಇರಿಸಿ ಸಾಕುವ ಯೋಜನೆ ತಂದರು. ಆರ್ಚ್‌ಬಿಷಪ್ ವಾಲ್ಶ್ ಇದನ್ನು ಬಹಿರಂಗವಾಗಿ ವಿರೋಧಿಸಿದರು. ಪರರ ಮನೆಯಲ್ಲಿ ಮಕ್ಕಳ ಕ್ಯಾಥೊಲಿಕ್ ನಂಬಿಕೆಗೆ ಏನು ಖಾತರಿ ಎಂಬುದು ಅವರ ಆತಂಕ. ಪಾದ್ರಿಗಳೂ ಅವರ ಹಿಂಬಾಲಕರೂ ಬಂದರಿನಲ್ಲಿ, ರೈಲು ನಿಲ್ದಾಣದಲ್ಲಿ ನಿಂತು ಮಕ್ಕಳನ್ನು ತಡೆದರು. ಶತಮಾನಗಳ ಮತಾಂತರದ ಕಹಿ ನೆನಪಿದ್ದ ಒಂದು ಸಮುದಾಯದ ಭಯವನ್ನು ನಾವು ಸುಮ್ಮನೆ ತಳ್ಳಿಹಾಕುವಂತಿಲ್ಲ. ಆದರೆ ನಂಬಿಕೆ ಉಳಿಸಲು ಹಡಗುಕಟ್ಟೆಗೆ ಓಡಿದ ಉತ್ಸಾಹದಲ್ಲಿ ಅರ್ಧದಷ್ಟಾದರೂ ಆ ಮಕ್ಕಳ ವಠಾರದ ಮೆಟ್ಟಿಲು ಹತ್ತಿದ್ದರೆ ಎಂದು ಆಗಲೂ ಕೇಳಿದವರಿದ್ದರು. ಕವಿ ಜಾರ್ಜ್ ರಸೆಲ್ ಅದೇ ಅಕ್ಟೋಬರ್ 7ರಂದು 'ಐರಿಷ್ ಟೈಮ್ಸ್'ನಲ್ಲಿ ಡಬ್ಲಿನ್ನಿನ ಮಾಲೀಕರಿಗೆ ಬರೆದ ಬಹಿರಂಗ ಪತ್ರ ಅವರ ಕಠೋರತೆಯನ್ನು ನೇರವಾಗಿ ಝಾಡಿಸಿತ್ತು.

ಮುಂದಿನದು ಸೋಲಿನ ಕಥೆ. ಅಕ್ಟೋಬರ್ ಕೊನೆಗೆ ಲಾರ್ಕಿನ್‌ಗೆ ಏಳು ತಿಂಗಳ ಜೈಲುಶಿಕ್ಷೆಯಾಯಿತು. ಜನರ ಒತ್ತಡಕ್ಕೆ ಮಣಿದು ಸರಕಾರ ನವೆಂಬರ್ 13ರಂದು ಬಿಟ್ಟಿತು. ಪೊಲೀಸರ ಏಟಿನಿಂದ ಕಾರ್ಮಿಕರನ್ನು ಕಾಯಲು 'ಐರಿಷ್ ಸಿಟಿಜನ್ ಆರ್ಮಿ' ಎಂಬ ಪಡೆ ಹುಟ್ಟಿತು. ಹೊರಗಿನಿಂದ ತಂದ ಕೂಲಿಗಳು ಬಂದರಿನಲ್ಲಿ ಕೆಲಸ ಶುರು ಮಾಡಿದರು. ಹಣ ಕಳಿಸುತ್ತಿದ್ದ ಬ್ರಿಟನ್ನಿನ ಸಂಘಗಳು ಡಿಸೆಂಬರ್ 9ರ ವಿಶೇಷ ಸಮ್ಮೇಳನದಲ್ಲಿ ಬೆಂಬಲ ಮುಷ್ಕರಕ್ಕೆ ಬರಲೊಲ್ಲೆವೆಂದವು. ಲಾರ್ಕಿನ್ ಅಲ್ಲಿನ ನಾಯಕರನ್ನು ಬಾಯಿಗೆ ಬಂದಂತೆ ಬೈದು ಅವರ ಮನಸ್ಸು ಮುರಿದಿದ್ದೂ ಸುಳ್ಳಲ್ಲ. ದೊಡ್ಡ ನಾಯಕನ ದೊಡ್ಡ ದೋಷ ಅದು. 1914ರ ಜನವರಿಯಿಂದ ಜನ ಗುಂಪುಗುಂಪಾಗಿ, ಕೆಲವರು ಮುಚ್ಚಳಿಕೆಗೆ ಸಹಿ ಹಾಕಿ, ಕೆಲವರು ಹೇಗೋ ತಪ್ಪಿಸಿ, ಕೆಲಸಕ್ಕೆ ಮರಳಿದರು. ಎಷ್ಟೋ ಮಂದಿಗೆ ಕೆಲಸವೇ ಮರಳಿ ಸಿಗಲಿಲ್ಲ. ಲಾರ್ಕಿನ್ ಅದೇ ವರ್ಷ ಅಮೆರಿಕಕ್ಕೆ ಹೋದರು. ಸಂಘವನ್ನು ಹೊತ್ತು ನಿಂತ ಜೇಮ್ಸ್ ಕಾನಲಿ ಸಿಟಿಜನ್ ಆರ್ಮಿಯನ್ನು 1916ರ ದಂಗೆಗೆ ಒಯ್ದರು. ಗಾಯದಿಂದ ನಿಲ್ಲಲಾಗದ ಅವರನ್ನು ಮೇ 12ರಂದು ಕುರ್ಚಿಗೆ ಕಟ್ಟಿ ಗುಂಡಿಕ್ಕಲಾಯಿತು.

ಆ ವರ್ಷಗಳ ಡಬ್ಲಿನ್ನಿನಲ್ಲಿ ಒಬ್ಬ ತೆಲುಗು ವಿದ್ಯಾರ್ಥಿಯೂ ಇದ್ದ. ಬರ್ಹಾಂಪುರದಿಂದ 1913ರಲ್ಲಿ ಕಾನೂನು ಓದಲು ಹೋಗಿದ್ದ ವರಾಹಗಿರಿ ವೆಂಕಟಗಿರಿ. ಐರಿಷ್ ಹೋರಾಟದ ಬಿಸಿ ತಟ್ಟಿಸಿಕೊಂಡು 1916ರಲ್ಲಿ ಭಾರತಕ್ಕೆ ಮರಳಿದ ಗಿರಿಯವರು ಬಂಗಾಳ ನಾಗಪುರ ರೈಲ್ವೆಯ ಕಾರ್ಮಿಕರನ್ನು ಸಂಘಟಿಸಿದರು. ಅಖಿಲ ಭಾರತ ರೈಲ್ವೆ ನೌಕರರ ಒಕ್ಕೂಟ ಕಟ್ಟುವುದರಲ್ಲಿ ದುಡಿದರು. ಕೇಂದ್ರದ ಕಾರ್ಮಿಕ ಸಚಿವರಾಗಿ, ಬ್ಯಾಂಕ್ ನೌಕರರ ಪರವಾದ ತೀರ್ಪನ್ನು ಸರಕಾರ ತಿದ್ದಿದಾಗ 1954ರಲ್ಲಿ ರಾಜೀನಾಮೆ ಕೊಟ್ಟರು. 1965ರಿಂದ 67ರವರೆಗೆ ನಮ್ಮ ಮೈಸೂರು ರಾಜ್ಯದ ರಾಜ್ಯಪಾಲರಾಗಿದ್ದವರು ಅವರೇ. 1974ರ ಮೇ ತಿಂಗಳಲ್ಲಿ ಮಂಗಳೂರಿನ ಜಾರ್ಜ್ ಫೆರ್ನಾಂಡಿಸ್ ಅದೇ ಒಕ್ಕೂಟದ ಅಧ್ಯಕ್ಷರಾಗಿ ದೇಶದ ರೈಲುಗಳನ್ನು ಇಪ್ಪತ್ತು ದಿನ ನಿಲ್ಲಿಸಿದರು. ಸರಕಾರ ಸಾವಿರಾರು ಜನರನ್ನು ಜೈಲಿಗೆ ತಳ್ಳಿ ಮುಷ್ಕರವನ್ನು ಮುರಿಯಿತು. ಆಗ ರಾಷ್ಟ್ರಪತಿ ಭವನದಲ್ಲಿ ಇದ್ದವರು ಮತ್ತಾರೂ ಅಲ್ಲ, ವಿ.ವಿ. ಗಿರಿ.

ಡಬ್ಲಿನ್ನಿಗೆ ಮರಳೋಣ. ಪ್ಲಂಕೆಟ್ ಹುಟ್ಟಿದ್ದು 1920ರಲ್ಲಿ. ಮುಷ್ಕರವನ್ನು ಅವರು ಕಂಡವರಲ್ಲ. ಡಬ್ಲಿನ್ ಗ್ಯಾಸ್ ಕಂಪನಿಯಲ್ಲಿ ಗುಮಾಸ್ತರಾಗಿದ್ದು, ಆಮೇಲೆ ಮುದಿ ಲಾರ್ಕಿನ್ ನಡೆಸುತ್ತಿದ್ದ ಸಂಘದಲ್ಲಿ ಪೂರ್ಣಾವಧಿ ಕಾರ್ಯಕರ್ತರಾದರು. ಲಾರ್ಕಿನ್ 1947ರಲ್ಲಿ ತೀರಿಕೊಂಡರು. ಪ್ಲಂಕೆಟ್ ಆ ಕಥೆಯನ್ನು ಮೊದಲು 1954ರಲ್ಲಿ ರೇಡಿಯೊ ನಾಟಕ ಮಾಡಿದರು, 1958ರಲ್ಲಿ ರಂಗನಾಟಕ ಮಾಡಿದರು, ಆಮೇಲೆ ಕಾದಂಬರಿ. ರೇಡಿಯೊ ನಾಟಕದ ಹೆಸರೇ 'ಬಿಗ್ ಜಿಮ್', ಅಂದರೆ ಲಾರ್ಕಿನ್. ಕಾದಂಬರಿಗೆ ಬರುವಷ್ಟರಲ್ಲಿ ನಾಯಕ ಅಂಚಿಗೆ ಸರಿದು ಭಿಕ್ಷುಕ ನಡುವಿಗೆ ಬಂದಿದ್ದ. ಇಷ್ಟು ಬದಲಾಗಲು ಲೇಖಕನಿಗೆ ಹದಿನೈದು ವರ್ಷ ಹಿಡಿಯಿತು.

ಧಾರಾವಾಹಿ ಬಂದ ಸಮಯವೂ ಕೂಡಿಬಂತು. 1979ರಲ್ಲಿ ಆ ಹಳೆಯ ಹೋಟೆಲಿನ ಎದುರಿನ ಬೀದಿಯಲ್ಲೇ, ಎರಡೂ ಕೈ ಮೇಲೆತ್ತಿ ನಿಂತ ಲಾರ್ಕಿನ್ ಪ್ರತಿಮೆ ಎದ್ದಿತ್ತು. 1980ರ ಜನವರಿಯಲ್ಲಿ ತೆರಿಗೆಯ ಭಾರವೆಲ್ಲ ಸಂಬಳದಾರರ ಮೇಲೇ ಬೀಳುತ್ತಿದೆಯೆಂದು ಲಕ್ಷಾಂತರ ಐರಿಷ್ ಕಾರ್ಮಿಕರು ಬೀದಿಗಿಳಿದಿದ್ದರು. ಅದಾಗಿ ಎರಡೇ ತಿಂಗಳಲ್ಲಿ ಅವರ ಮನೆಯ ಪರದೆಯ ಮೇಲೆ ಅವರ ಅಜ್ಜಂದಿರ ಕಥೆ ಬಂತು. 2013ರಲ್ಲಿ ಶತಮಾನೋತ್ಸವಕ್ಕೆ ಡಬ್ಲಿನ್ ನಗರ ಎಲ್ಲರೂ ಒಟ್ಟಾಗಿ ಓದುವ ಪುಸ್ತಕವಾಗಿ ಆರಿಸಿಕೊಂಡದ್ದೂ ಇದೇ ಕಾದಂಬರಿಯನ್ನು.

ಧಾರಾವಾಹಿಗೆ ಮಾರುಹೋದವರು ಗಮನಿಸದೆ ಬಿಡುವ ಒಂದು ಕೊರತೆಯನ್ನು ಹೇಳಲೇಬೇಕು. ಮುಷ್ಕರದಲ್ಲಿ ಕೊನೆಯವರೆಗೂ ಜಗ್ಗದೆ ನಿಂತವರಲ್ಲಿ ಜೇಕಬ್ಸ್ ಬಿಸ್ಕತ್ ಕಾರ್ಖಾನೆಯ ಹೆಣ್ಣುಮಕ್ಕಳು ಮುಖ್ಯರು. ಸಾವಿರಾರು ಗಂಡಸರು ಕೆಲಸಕ್ಕೆ ಮರಳಿದ ಮೇಲೂ, 1914ರ ಮಾರ್ಚ್‌ವರೆಗೂ ಅವರಲ್ಲಿ ಹಲವರು ಹೊರಗೇ ಇದ್ದರು. 1911ರಲ್ಲಿ ಆರಂಭವಾದ ಮಹಿಳಾ ಕಾರ್ಮಿಕರ ಸಂಘವನ್ನು ನಡೆಸುತ್ತಿದ್ದವರು ಲಾರ್ಕಿನ್ ತಂಗಿ ಡೀಲಿಯಾ. ಪರದೆಯ ಮೇಲೆ ಹೆಂಗಸರಿದ್ದಾರೆ. ಆದರೆ ಅವರು ಹೆಂಡತಿಯರು, ಮನೆಯಾಳುಗಳು, ವೇಶ್ಯೆ, ಯಜಮಾನ್ತಿ. ಕಾರ್ಖಾನೆಯ ಗೇಟಿನಲ್ಲಿ ಸಹಿ ಹಾಕಲೊಲ್ಲೆನೆಂದ ಹುಡುಗಿಗೆ ಮುಖ್ಯ ಪಾತ್ರವಿಲ್ಲ. ಅಂಥ ಹುಡುಗಿಯೊಬ್ಬಳ ಹೆಸರು, ರೋಸಿ ಹ್ಯಾಕೆಟ್, 2014ರಲ್ಲಿ ಲಿಫಿ ನದಿಯ ಹೊಸ ಸೇತುವೆಗೆ ಬಂತು. ಸೇತುವೆಗೆ ಬರಲು ನೂರು ವರ್ಷ ಬೇಕಾಯಿತು.

ಕೊನೆಯ ಕಂತಿನಲ್ಲಿ ಎಲ್ಲಿಯೂ ಕೆಲಸ ಸಿಗದ ಫಿಟ್ಜ್, ತನ್ನನ್ನು ಹೊಡೆಸಿದ ಸರಕಾರದ ಸೈನ್ಯಕ್ಕೇ ಸೇರಿ ಯುದ್ಧಕ್ಕೆ ಹೊರಡುತ್ತಾನೆ. ಮನೆಗೆ ಅದರಿಂದ ಭತ್ಯೆ ಬರುತ್ತದೆ. ರ‍್ಯಾಷರ್ಸ್ ಕೆಲವು ದಿನಗಳಿಂದ ಯಾರ ಕಣ್ಣಿಗೂ ಬಿದ್ದಿಲ್ಲ. ನೆಲಮಾಳಿಗೆಯ ಬಾಗಿಲು ತೆರೆದಾಗ ಅವನೂ ಅವನ ನಾಯಿಯೂ ಸತ್ತು ದಿನಗಳಾಗಿವೆ. ಇಲಿಗಳು ಬಂದು ಹೋಗಿವೆ. ಬದುಕಿದ್ದಾಗ ಅವನ ಹತ್ತಿರ ನಿಲ್ಲಲಾಗದಿದ್ದ ಫಾದರ್ ಓಕಾನರ್ ಆ ಕತ್ತಲಲ್ಲಿ, ಆ ವಾಸನೆಯಲ್ಲಿ ಮೊಣಕಾಲೂರಿ ಕೂತು ಪ್ರಾರ್ಥನೆ ಶುರು ಮಾಡುತ್ತಾರೆ.